ಬಿಸಿಕೋಣೆಯ ಬಾಗಿಲು

11 ಏಪ್ರಿಲ್ 2005, ಸೋಮವಾರ, ರಾಮನಗರ

ಸ್ಮಾರಕ ಸಮಿತಿಯವರು ಕೊಡುತ್ತೇವೆ ಎಂದದ್ದು: ರೇಷ್ಮೆ ನೂಲು ತೆಗೆಯುತ್ತಿದ್ದ ಹಳೆಯ ಫಿಲೇಚರ್ ಕಟ್ಟಡ ಕೆಡವುವುದಿಲ್ಲ. ತುರ್ತುಪರಿಸ್ಥಿತಿಯಲ್ಲಿ ನಮ್ಮನ್ನು ಕೂಡಿಹಾಕಿದ, ಗೂಡು ಒಣಗಿಸುವ ಬಿಸಿಕೋಣೆಯನ್ನು ಸ್ಮಾರಕ ಮಾಡುತ್ತೇವೆ. ಅಲ್ಲಿ ಸತ್ತ ನನ್ನ ಅಣ್ಣ ಚೆಲುವಯ್ಯನ ಹೆಸರು ಕಲ್ಲಿನ ಮೇಲೆ ಕೆತ್ತಿಸುತ್ತೇವೆ. ರೇಷ್ಮೆ ನೂಲು ತೆಗೆಯುವ ಕೆಲಸಗಾರರ ಸಂಘದಿಂದ ಇಬ್ಬರನ್ನು ಸ್ಮಾರಕ ಸಮಿತಿಗೆ ತೆಗೆದುಕೊಳ್ಳುತ್ತೇವೆ.

ಕೊಡದೆ ಹೋದದ್ದು: ಸಮಿತಿಯಲ್ಲಿ ನಮಗೆ ಜಾಗವಿಲ್ಲ. ನಾವು ‘ವಿಶೇಷ ಆಹ್ವಾನಿತರು’. ಅಂದರೆ ಕಾಫಿ ಕುಡಿದು ಎದ್ದು ಬರುವವರು. ಚೆಲುವಯ್ಯನ ಹೆಸರು ‘ಪರಿಶೀಲನೆಯಲ್ಲಿದೆ’. ಅವನು ಸೆರೆಯಲ್ಲಿದ್ದ ಎಂಬುದಕ್ಕೆ ಕಾಗದ ಇಲ್ಲವಂತೆ. ಇರುವ ಒಂದೇ ಪೊಲೀಸ್ ಕಾಗದದಲ್ಲಿ ಅವನು ಬಸ್ ಸ್ಟ್ಯಾಂಡಿನಲ್ಲಿ ಬಿಸಿಲು ಬಡಿದು ಸತ್ತಿದ್ದಾನೆ.

ಕಟ್ಟಡ ಮಾತ್ರ ಕೆಡವಿಲ್ಲ. ಅದು ನಿಜ.

ಸಮಿತಿಯ ಅಧ್ಯಕ್ಷರು ಲಕ್ಷ್ಮಯ್ಯ ವಕೀಲರು. ಆ ಕಾಲದಲ್ಲಿ ಬೆಂಗಳೂರಿನಲ್ಲಿ ಜೈಲುವಾಸ ಮಾಡಿದವರು. ಅವರ ಮೇಲೆ ನನಗೆ ಗೌರವವಿದೆ, ಅದಕ್ಕೇ ಮುಖದ ಮೇಲೆ ಹೇಳಿಬಂದೆ.

“ಸಾರ್, ನಿಮ್ಮನ್ನ ಹಿಡ್ಕೊಂಡೋದ್ರು. ನಂಬರ್ ಕೊಟ್ರು, ತಟ್ಟೆ ಕೊಟ್ರು, ಹೆಂಡ್ತಿ ಮಕ್ಳ ಮೊಕ ನೋಡಕ್ ಬುಟ್ರು. ನಮ್ಗೆ ಏನೂ ಕೊಡ್ನಿಲ್ಲ. ಕೇಸೇ ಇಲ್ದೆ ಕೂಡಾಕುದ್ರು. ಕಾಗ್ದ ಇಲ್ಲ ಅನ್ನೋದೇ ಸಾಕ್ಷಿ ಕಣ್ ಸಾರ್.”

ವಕೀಲರು ಕನ್ನಡಕ ಒರೆಸಿಕೊಂಡರು. “ಶಿವಲಿಂಗಮ್ಮ, ಇದು ಭಾಷಣಕ್ಕೆ ಚೆನ್ನಾಗಿದೆ. ಕಲ್ಲಿಗೆ ಸಾಲದು.”

ವಾಪಸು ಬರುವಾಗ ಫಿಲೇಚರ್ ಗೇಟಿನ ತನಕ ಹೋಗಿದ್ದೆ. ಒಳಗೆ ಹೋಗಿ ನೋಡುವಂಥದ್ದು ಏನೂ ಇಲ್ಲ. ಮನೆಯಲ್ಲಿ ಕೆಲಸವಿತ್ತು, ಬಂದುಬಿಟ್ಟೆ.

19 ಏಪ್ರಿಲ್, ಮಂಗಳವಾರ

ಇವತ್ತು ವಕೀಲರೇ ಸಂಘದ ಆಫೀಸಿಗೆ ಬಂದರು. ಕೈಯಲ್ಲಿ ಫಲಕದ ಒಕ್ಕಣೆ. ‘1976ರ ಬೇಸಿಗೆಯಲ್ಲಿ, ಶಾಂತಿಯುತವಾಗಿ ಮುಷ್ಕರ ಹೂಡಿದ್ದ ರೇಷ್ಮೆ ಕಾರ್ಮಿಕರನ್ನು ಗೇಟಿನ ಮುಂದಿನಿಂದ ಬಂಧಿಸಿ ಎಳೆತಂದು ಈ ಕೋಣೆಯಲ್ಲಿ ಸೆರೆ ಇಡಲಾಯಿತು. ಹುತಾತ್ಮ: ಚೆಲುವಯ್ಯ.’

ಅಣ್ಣನ ಹೆಸರನ್ನು ಅಷ್ಟು ದಪ್ಪ ಅಕ್ಷರದಲ್ಲಿ ನಾನು ನೋಡಿದ್ದು ಇದೇ ಮೊದಲು.

“ಕೋಣೆಯಲ್ಲಿದ್ದವರ ಪೈಕಿ ಬದುಕಿರೋರು ನೀನು, ಮಜೀದಾ ಇಬ್ಬರೇ. ಇಬ್ಬರೂ ಸಮಿತಿ ಮುಂದೆ ಬಂದು ಹೀಗೇ ಆಯ್ತು ಅಂತ ಹೇಳಿಬಿಡಿ. ಹೆಸರು ತರೋ ಜವಾಬ್ದಾರಿ ನಂದು” ಎಂದರು.

ಹೇಳದೆ ಏನು? ಇಷ್ಟು ವರ್ಷ ಪ್ರತಿ ವೇದಿಕೆಯ ಮೇಲೂ ನಾನು ಹೇಳಿದ್ದು ಇದನ್ನೇ. ಗೇಟಿನ ಮುಂದಿನಿಂದ ಎಳೆದುಕೊಂಡು ಹೋದರು. ಆಗಲಿ ಸಾರ್ ಎಂದೆ. ಸಂಜೆ ಒಸಿ ಅವಲಕ್ಕಿ ಮಾಡಿಕೊಂಡು ತಿಂದೆ. ಹಬ್ಬದ ಹಾಗಿತ್ತು.

22 ಏಪ್ರಿಲ್, ಶುಕ್ರವಾರ

ಮಜೀದಾ ಆಗುವುದಿಲ್ಲ ಅಂದಳು.

ಐಜೂರಿನ ಒಂದು ಸಣ್ಣ ಯೂನಿಟ್ಟಿನಲ್ಲಿ ಅವಳಿನ್ನೂ ನೂಲು ತೆಗೆಯುವ ಬೇಸಿನ್ ಮುಂದೆ ಕೂರುತ್ತಾಳೆ. ನನಗಿಂತ ದೊಡ್ಡವಳು, ಆಪಾ ಎಂದೇ ಕರೆಯುತ್ತೇನೆ. ಬೇಯಿಸಿದ ಗೂಡು ತೇಲುವ ಬಿಸಿನೀರಿಗೆ ಕೈ ಹಾಕಿ, ನನ್ನ ಕಡೆ ನೋಡದೆ ಎಳೆ ಹುಡುಕುತ್ತಲೇ ಮಾತಾಡಿದಳು.

“ಎಳ್ಕೊಂಡೋದ್ರು ಅಂತ ಯಾರೇ ಅಂದಿದ್ದು?”

“ನಾನೇ. ಇಷ್ಟ್ ವರ್ಸದಿಂದ ಅಂತಾ ಇಲ್ವಾ ಆಪಾ?”

“ನಿನ್ ಭಾಸಣ ನಾನೂ ಕೇಳಿವ್ನಿ, ಚಪ್ಪಾಳೆನೂ ತಟ್ಟಿವ್ನಿ. ಭಾಸಣ ಮೈಕಿಂದ ಬತ್ತದೆ, ಗಾಳೀಲಿ ಹೋಯ್ತದೆ. ಕಲ್ ಮ್ಯಾಲೆ ಬ್ಯಾಡ.”

“ಹೆಸ್ರು ಬತ್ತದೆ ಕಣ್ ಆಪಾ. ಚೆಲುವಣ್ಣನ ಹೆಸ್ರು.”

“ಹೆಸ್ರು ಬತ್ತದೆ. ಚೆಲುವಣ್ಣ ಹೋಯ್ತಾನೆ.” ಎಳೆ ಸಿಕ್ಕಿತು, ರಾಟೆಗೆ ಕೊಟ್ಟಳು. “ನಮ್ ಕಾಲಲ್ಲಿ ನಾವೇ ನಡ್ಕೊಂಡೋದ್ವಿ ಶಿವೀ. ತಲೆ ಮ್ಯಾಲೆ ಗೂಡಿನ್ ಮಂಕರಿ ಹೊತ್ಕೊಂಡು.”

“ಅದುನ್ನ ಹೇಳುದ್ರೆ ಮರ್ಯಾದೆ ಉಳೀತದಾ?”

“ಯಾರ್ದು? ಅವನ್ದಾ, ನಿಂದಾ?”

ಬಾಯಿಗೆ ಬಂದಂತೆ ಬೈದು ಬಂದೆ. ಅಕ್ಕಪಕ್ಕದ ಬೇಸಿನ್ನಿನವರು ರಾಟೆ ನಿಲ್ಲಿಸಿ ಕೇಳಿಸಿಕೊಂಡರು. ಕೇಳಿಸಿಕೊಳ್ಳಲಿ.

23 ಏಪ್ರಿಲ್, ಶನಿವಾರ

ಮಜೀದಾಳ ಜೊತೆ ಮಾತು ಮುಗಿಯಿತು.

2 ಮೇ, ಸೋಮವಾರ

ನಿನ್ನೆ ಮೇ ದಿನದ ಸಭೆ. ಜನ ಚೆನ್ನಾಗಿ ಸೇರಿದ್ದರು. ಮಾಗಡಿ, ಚನ್ನಪಟ್ಟಣದಿಂದಲೂ ಬಂದಿದ್ದರು. ಭಾಷಣ ಎಂದಿನಂತೆ ಏರುತ್ತಾ ಹೋಯಿತು. ‘ಗೇಟಿನ ಮುಂದೆ ಕೂತಿದ್ದ ನಮ್ಮನ್ನು’ ಎನ್ನುವಲ್ಲಿಗೆ ಬಂದಾಗ ಮುಂದಿನ ಸಾಲಿನಲ್ಲಿ ಮಜೀದಾ ಕಾಣಿಸಿದಳು. ಸೆರಗಿನ ತುದಿಯಿಂದ ಕಿವಿ ತುರಿಸಿಕೊಳ್ಳುತ್ತಿದ್ದಳು, ಅಷ್ಟೆ. ಮುಂದಿನ ಮಾತು ಹೊರಡಲಿಲ್ಲ. ಹಿಂದಿನಿಂದ ಸಂಘದ ಮುನ್ನೀ ಕೂಗಿದಳು: “ಮುಂದಕ್ ಹೇಳು ಶಿವ್ಲಿಂಗಕ್ಕ, ಬಸ್ ಹೊಂಟೋಯ್ತದೆ.” ಎಲ್ಲರೂ ನಕ್ಕರು. ನೀರು ಕುಡಿದೆ. ಬೆಲೆಯೇರಿಕೆಯ ವಿಷಯ ಹೇಳಿ ಮುಗಿಸಿದೆ.

ಬರೆದುಬಿಡುತ್ತೇನೆ. ಇದನ್ನು ಓದುವವರು ಯಾರೂ ಇಲ್ಲ.

ಆ ಬೇಸಿಗೆಯಲ್ಲಿ, ಬೋನಸ್ ಕಿತ್ತುಕೊಂಡರು ಎಂದು ಬೇಸಿನ್ ಬಿಟ್ಟು ಗೇಟಿನ ಮುಂದೆ ಕೂತಿದ್ದೆವು. ಜನ ಗುಂಪು ಸೇರಬಾರದ ಕಾಲ, ಕೂತದ್ದೇ ಅಪರಾಧ. ಒಳಗೆ ಹಸಿಗೂಡು ರಾಶಿ ಬಿದ್ದಿತ್ತು. ಹೊತ್ತಿಗೆ ಸರಿಯಾಗಿ ಗೂಡನ್ನು ಬಿಸಿಕೋಣೆಗೆ ಹಾಕಿ ಒಳಗಿನ ಹುಳ ಸಾಯಿಸದಿದ್ದರೆ ಅದು ಚಿಟ್ಟೆಯಾಗಿ ಗೂಡನ್ನು ತೂತು ಮಾಡಿಕೊಂಡು ಎದ್ದುಹೋಗುತ್ತದೆ. ತೂತು ಬಿದ್ದ ಗೂಡಿನಿಂದ ನೂಲು ಬರುವುದಿಲ್ಲ.

ಮ್ಯಾನೇಜರು ಗೇಟಿಗೆ ಬಂದ. ಬೆದರಿಸಲಿಲ್ಲ, ಬೈಯಲಿಲ್ಲ. “ನಾಳೆಗೆಲ್ಲಾ ಚಿಟ್ಟೆ ಎದ್ದೋಯ್ತವೆ ಕಣ್ರಪ್ಪ. ನಿಮ್ ಜಗಳ ನಮ್ ಮ್ಯಾಲೆ. ಗೂಡೇನ್ ಮಾಡಿತ್ತು ನಿಮ್ಗೆ?”

ಬೇರೆ ಯಾವ ಕಾರ್ಖಾನೆಯ ಗೇಟಿನಲ್ಲಿ ಈ ಮಾತು ಹೇಳಿದ್ದರೂ ಮುಷ್ಕರದವರು ನಕ್ಕು ಉಗಿಯುತ್ತಿದ್ದರು. ನಾವು ಒಬ್ಬರ ಮುಖ ಒಬ್ಬರು ನೋಡಿಕೊಂಡೆವು. ಗೂಡು ಸಾಹುಕಾರನದೇ. ಆದರೆ ಅದನ್ನು ಬೆಳೆದವರು ನಮ್ಮ ಅಪ್ಪ ಅಮ್ಮಂದಿರಂಥವರು. ಗುಡೇಮಾರನಹಳ್ಳಿಯ ನಮ್ಮ ಮನೆಯಲ್ಲಿ ಹುಳ ಹಣ್ಣಾಗಿ ಗೂಡು ಕಟ್ಟುವ ಹೊತ್ತಿಗೆ ಅವ್ವ ಊಟ ಬಿಟ್ಟು ಕೂರುತ್ತಿದ್ದಳು. ಕಣ್ಣೆದುರಿಗೆ ಗೂಡು ತೂತು ಬೀಳಲಿ ಎಂದು ಬಿಡಲು ಮನಸ್ಸು ಬರಲಿಲ್ಲ. ಚೆಲುವಯ್ಯನೇ ಮೊದಲು ಎದ್ದ. “ಒಂದ್ ಗಳಿಗೆ. ಒಳಕ್ಕಾಕಿ ಬಂದು ಮತ್ತೆ ಕುಂತ್ಕಳಣ. ಬೆಳ್ದೋರ್ ಹೊಟ್ಟೆ ಉರ್ಸೋದ್ ಬ್ಯಾಡ.”

ಹತ್ತು ಹನ್ನೆರಡು ಜನ ಮಂಕರಿ ಹೊತ್ತು ಬಿಸಿಕೋಣೆಯ ಒಳಗೆ ಹೋದೆವು. ಹಿಂದಿನಿಂದ ಬಾಗಿಲು ಮುಚ್ಚಿತು. ಚಿಲಕ ಬಿದ್ದದ್ದು ಕೇಳಿಸಿತು. ಪೊಲೀಸ್ ಜೀಪು ಮೊದಲೇ ಬಂದು ಕಟ್ಟಡದ ಹಿಂದೆ ನಿಂತಿತ್ತು ಎಂದು ಆಮೇಲೆ ಗೊತ್ತಾಯಿತು. ಮುಷ್ಕರ ಬಿಟ್ಟೆವು ಎಂದು ಮುಚ್ಚಳಿಕೆ ಬರೆದುಕೊಡಿ ಎಂದು ಹೊರಗಿನಿಂದ ಕೂಗಿದರು. ನಾವು ಕೊಡುವುದಿಲ್ಲ ಎಂದೆವು. ಆಗ ಕೆಳಗಡೆ ಕೋಣೆ ಕಾಯಿಸುವ ಒಲೆ ಹೊತ್ತಿಸಿದರು.

ಬಾಗಿಲಿನ ಕೆಳಗೆ ಬೆರಳು ತೂರುವಷ್ಟು ಸಂದಿ. ಸರದಿಯ ಮೇಲೆ ಅಲ್ಲಿ ಮೂಗಿಟ್ಟು ಮಲಗಿದೆವು. ತನ್ನ ಸರದಿ ಬಂದಾಗಲೆಲ್ಲ ಚೆಲುವಯ್ಯ “ನೀನ್ ಮಲಕ್ಕೊ” ಅನ್ನುತ್ತಿದ್ದ.

ಸಾಕು.

9 ಮೇ, ಸೋಮವಾರ

ಫಿಲೇಚರ್ ರಿಪೇರಿ ನಡೆದಿದೆ ಎಂದು ಸುದ್ದಿ ಬಂತು. ಹೋದೆ. ಗೇಟು ದಾಟಿ ಅಂಗಳದ ತನಕ ಹೋದೆ.

ಬಿಸಿಕೋಣೆಯ ಬಾಗಿಲೇ ಇಲ್ಲ. ಅದರ ಜಾಗದಲ್ಲಿ ಕಬ್ಬಿಣದ ಕಂಬಿ. ಸಿನಿಮಾ ಜೈಲಿನ ಹಾಗೆ, ಕಪ್ಪು ಬಣ್ಣ, ಮಧ್ಯೆ ಅಂಗೈಯಗಲದ ಬೀಗ. ಕೆಲಸ ಮಾಡಿಸುತ್ತಿದ್ದ ಕಂಟ್ರಾಕ್ಟರ್ ಬೋರಲಿಂಗಯ್ಯ ಹೆಮ್ಮೆಯಿಂದ ತೋರಿಸಿದ.

“ಹೆಂಗೈತಮ್ಮ?”

“ಇಲ್ಲಿ ಕಂಬಿ ಎಲ್ಲಿತ್ತಪ್ಪ?”

“ಇಲ್ದಿದ್ರೇನು? ಸೆರೆಮನೆ ಅಂದ್ಮೇಲೆ ಕಂಬಿ ಇರ್ಬೇಕಲ್ವಾ. ಇಸ್ಕೂಲ್ ಮಕ್ಳು ಬತ್ತವೆ, ಕಂಬಿ ಹಿಡ್ಕೊಂಡು ಫೋಟೋ ತೆಗುಸ್ಕೊತ್ತವೆ. ಮೊದ್ಲು ಸುಮ್ನೆ ಮರದ್ ಬಾಗ್ಲು ಇತ್ತು, ಯಾವ್ದೋ ಉಗ್ರಾಣ ಇದ್ದಂಗಿತ್ತು.”

ನನ್ನ ಬಾಯಿಂದ ಬಂದ ಮಾತು ನನಗೇ ಮೊದಲು ಗೊತ್ತಿರಲಿಲ್ಲ. “ಕಂಬಿ ಇದ್ದಿದ್ರೆ ನಮ್ಮಣ್ಣ ಸಾಯ್ತಿರ್ನಿಲ್ಲ ಕಣಯ್ಯ. ಕಂಬಿ ಸಂದೀಲಿ ಗಾಳಿ ಆಡ್ತದೆ.”

ಬೋರಲಿಂಗಯ್ಯ ಬೀಗದ ಮೇಲಿನ ಧೂಳು ಒರೆಸಿದ.

ಇಷ್ಟು ವರ್ಷ ನಾನು ಹೇಳಿದ ಕಥೆಗೆ ಈ ಕಂಬಿ ಸರಿಯಾಗಿ ಕೂರುತ್ತದೆ. ಗೇಟಿನಿಂದ ಎಳೆತಂದರು, ಕಂಬಿಯ ಹಿಂದೆ ಹಾಕಿದರು. ಎಲ್ಲ ಜೈಲಿನ ಹಾಗೆ. ಜೈಲಿಗಾದರೆ ಕಾನೂನು ಇತ್ತು, ಊಟದ ಹೊತ್ತು ಇತ್ತು, ಹೆಸರು ಕೂಗುವವರಿದ್ದರು. ನಮಗೆ ಇದ್ದದ್ದು ಹುಳಕ್ಕಿದ್ದಷ್ಟೇ.

10 ಮೇ, ಮಂಗಳವಾರ

ಮಜೀದಾಳ ಬೇಸಿನ್ ಪಕ್ಕ ಹೋಗಿ ಕೂತೆ. ಅವಳು ತನ್ನ ಟೀ ಲೋಟ ನನ್ನ ಕಡೆ ತಳ್ಳಿದಳು.

ಕಂಬಿ ಬೆಸೆದವನು ಅವಳ ಮಗ ನಿಯಾಜ್ ಎಂದು ಆಮೇಲೆ ಗೊತ್ತಾಯಿತು. ಅವನ ವೆಲ್ಡಿಂಗ್ ಅಂಗಡಿ ಪಕ್ಕದ ಬೀದಿಯಲ್ಲೇ. ಮಜೀದಾ ಒದ್ದೆ ಕೈಯಲ್ಲೇ ಎದ್ದು ಹೋದಳು, ನಾನೂ ಹಿಂದೆ ಹೋದೆ.

“ಯಾಕ್ಲಾ, ನಿಮ್ಮಮ್ಮಂಗೆ ಜೈಲ್ ಕಟ್ಕೊಟ್ಯಾ?”

“ಅಮ್ಮೀ, ಆರ್ಡರ್ ಕೊಟ್ರು, ಮಾಡ್ದೆ. ಯಾವ್ ಕೋಣೇಗೆ ಅಂತ ನಂಗೇನ್ ಗೊತ್ತು? ನೀನು ಒಂದ್ ದಿನಾನಾದ್ರೂ ಅದ್ರ ಮಾತ್ ಎತ್ತಿದ್ಯಾ?”

ಮಜೀದಾ ಒದ್ದೆ ಕೈಯನ್ನು ಸೆರಗಿಗೆ ಒರೆಸಿಕೊಂಡಳು. ನಾನು ವೇದಿಕೆಯಲ್ಲಿ ತಪ್ಪಾಗಿ ಹೇಳಿದೆ, ಇವಳು ಮನೆಯಲ್ಲಿ ಹೇಳಲೇ ಇಲ್ಲ. ಇಬ್ಬರೂ ಸೇರಿ ಆ ಕಂಬಿಗೆ ಜಾಗ ಮಾಡಿಕೊಟ್ಟೆವು.

17 ಮೇ, ಮಂಗಳವಾರ

ಸಮಿತಿ ಸಭೆ. ನಾವಿಬ್ಬರೂ ಹೋಗಿ ಒಕ್ಕಣೆ ಒಪ್ಪುವುದಿಲ್ಲ ಎಂದೆವು. ನಡೆದದ್ದನ್ನು ನಡೆದ ಹಾಗೆ ನಾನೇ ಹೇಳಿದೆ. ಧ್ವನಿ ಏರಿಸಲಿಲ್ಲ. ಮೈಕ್ ಇಲ್ಲದೆ ಹೇಳುವುದು ಕಷ್ಟ.

ವಕೀಲರು ತಲೆ ಹಿಡಿದುಕೊಂಡರು. “ಶಿವಲಿಂಗಮ್ಮ, ಏನು ಮಾಡ್ತಿದ್ದೀಯ ಗೊತ್ತಾ? ನೀವೇ ಕೆಲಸಕ್ಕೆ ಒಳಗೆ ಹೋದಿರಿ ಅಂದರೆ ಅದನ್ನ ಬಂಧನ ಅಂತ ಯಾರು ಒಪ್ಪುತ್ತಾರೆ? ಕಾರ್ಖಾನೆ ಅಪಘಾತ ಅಂತಾರೆ. ಮುಷ್ಕರ ಮುರಿದವರು ಅಂತಲೂ ಅಂತಾರೆ. ಹೆಸರು ಕೈಗೆ ಬಂದಿತ್ತಲ್ಲ.”

“ಅನ್ಲಿ ಸಾರ್. ಒಳಕ್ ಹೋಗಿದ್ದು ನಾವು. ಹೊರ್ಗಡೆಯಿಂದ ಚಿಲ್ಕ ಹಾಕಿದ್ದು ನಾವಲ್ಲ, ಒಲೆ ಹೊತ್ಸಿದ್ದು ನಾವಲ್ಲ.”

ಖಾದಿ ಜುಬ್ಬಾದ ಸದಸ್ಯರೊಬ್ಬರು ಕೇಳಿದರು: “ಆ ಚಿಲಕ ಎಲ್ಲಿದೆ?”

“ನಿಮ್ ಕಂಟ್ರಾಕ್ಟ್ರೇ ಕಿತ್ತಾಕವ್ನೆ. ಅವನ್ನೇ ಕೇಳಿ” ಎಂದಳು ಮಜೀದಾ.

“ಕಂಬಿ ಇದ್ದರೆ ಜನಕ್ಕೆ ಅರ್ಥ ಆಗುತ್ತೆ ತಾಯಿ” ಎಂದರು ವಕೀಲರು. ಅವರ ದನಿಯಲ್ಲಿ ಮೋಸವಿರಲಿಲ್ಲ. ಅವರಿಗೆ ಗೊತ್ತಿರುವ ಸೆರೆ ಅದು.

“ನಿಮ್ ಕಂಬಿ ನಿಮ್ಗಿರ್ಲಿ ಸಾರ್. ಅಲ್ಲಿ ನೀವ್ ಪಟ್ಟಿದ್ದು ದೊಡ್ದು, ಇಲ್ಲ ಅನ್ನಕ್ಕಿಲ್ಲ. ನಮ್ಮನ್ನ ನಮ್ ಕೋಣೇಲಿ ಇರಕ್ ಬುಡಿ” ಎಂದೆ.

ಹೆಸರು ಹೋಯಿತು. ನಾನೇ ಕೈಯಾರೆ ಬಿಟ್ಟೆ. ಮಜೀದಾ ಬಸ್ ಸ್ಟ್ಯಾಂಡಿನ ತನಕ ಕೈ ಹಿಡಿದುಕೊಂಡೇ ಬಂದಳು. ಬೇಸಿನ್ನಿನಲ್ಲಿ ಬೆಂದೂ ಬೆಂದೂ ಅವಳ ಬೆರಳು ತೊಗಲಿನ ಹಾಗಾಗಿದೆ. ನನ್ನದೂ ಹಾಗೇ.

24 ಮೇ, ಮಂಗಳವಾರ

ಬಾಗಿಲು ಸಿಕ್ಕಿತು.

ಬೋರಲಿಂಗಯ್ಯ ಕನಕಪುರದ ರಸ್ತೆಯಲ್ಲಿ ಒಂದು ಛತ್ರ ಕಟ್ಟಿಸುತ್ತಿದ್ದಾನೆ. ಅಲ್ಲಿ ಗಾರೆಯವರು ಅದನ್ನು ನೆಲಕ್ಕೆ ಹಾಕಿಕೊಂಡು ಅದರ ಮೇಲೆ ಸಿಮೆಂಟ್ ಕಲೆಸುತ್ತಿದ್ದರು. ನಿಯಾಜ್ ನೋಡಿಬಂದು ಹೇಳಿದ. ಮೂವರೂ ಹೋದೆವು. ಮೇಸ್ತ್ರಿ ಬಿಡಲೊಲ್ಲ.

“ಒಳ್ಳೆ ಹಲಗೆ ಕಣವ್ವ, ತೇಗ. ಇದ್ನ ಕೊಟ್ಬುಟ್ಟು ನಾನು ಎಲ್ ಕಲುಸ್ಲಿ?”

“ನಿನ್ ತಲೆ ಮ್ಯಾಲೆ ಕಲುಸ್ಕೊ” ಎಂದಳು ಮಜೀದಾ. “ಇದ್ರ ಹಿಂದ್ಗಡೆ ನಾನು ಒಂದ್ ರಾತ್ರಿ ಸತ್ತಿವ್ನಿ.”

ಮೇಸ್ತ್ರಿ ಅವಳನ್ನು ಮೇಲಿಂದ ಕೆಳಗೆ ನೋಡಿದ. ಆಮೇಲೆ ತಾನೇ ಒಂದು ತುದಿ ಹಿಡಿದು ಗೂಡ್ಸ್ ಆಟೋಗೆ ಏರಿಸಿದ.

ನಿಯಾಜನ ಅಂಗಡಿಯ ಮುಂದೆ ಮಲಗಿಸಿ ಸಿಮೆಂಟ್ ಕೆರೆದೆವು. ಹೊರಮೈಯಲ್ಲಿ ಚಿಲಕ ಹಾಗೇ ಇದೆ. ತುಕ್ಕು ಹಿಡಿದಿದೆ, ಗಟ್ಟಿಯಾಗಿದೆ. ಒಳಮೈಗೆ ತಿರುಗಿಸಿದೆವು. ನಿಯಾಜ್ ಅಂಗೈಯಿಂದ ಪೂರ್ತಿ ಸವರಿ ನೋಡಿ, “ಒಳ್ಗಡೆ ಹಿಡೀನೇ ಇಲ್ವಲ್ಲ ಆಂಟಿ?” ಎಂದ.

ಬಿಸಿಕೋಣೆಯ ಬಾಗಿಲಿಗೆ ಒಳಗಡೆ ಹಿಡಿ ಯಾರು ಇಡುತ್ತಾರೆ? ಒಳಗಿರುವುದು ಗೂಡು. ಅದು ಬಾಗಿಲು ತೆಗೆಯುವುದಿಲ್ಲ.

ನಿಯಾಜ್ ಎದ್ದು ಅಂಗಡಿಯೊಳಗೆ ಹೋದ.

4 ಜೂನ್, ಶನಿವಾರ

ವಕೀಲರ ಫೋನು. ಉದ್ಘಾಟನೆ ಜೂನ್ ಇಪ್ಪತ್ತೈದಕ್ಕೆ, ತುರ್ತುಪರಿಸ್ಥಿತಿ ಹೇರಿದ ದಿನ. ಕಂಬಿ ಇರುತ್ತದೆ. ಕಲ್ಲಿನ ಮೇಲೆ ‘ಅನಾಮಿಕ ಕಾರ್ಮಿಕರು’ ಎಂದಷ್ಟೇ ಇರುತ್ತದೆ. ನೀವು ಬನ್ನಿ, ಶಾಲು ಹೊದಿಸುತ್ತೇವೆ ಎಂದರು.

ಅನಾಮಿಕ. ಹೆಸರು ಹೇಳುವುದಕ್ಕೆ ತಂಗಿ ಬದುಕಿರುವಾಗ.

12 ಜೂನ್, ಭಾನುವಾರ

ಬೆಳಿಗ್ಗೆ ನಿಯಾಜ್ ತನ್ನ ಗ್ರೈಂಡರ್ ತಂದ. ತಾನು ಬೆಸೆದ ಕಂಬಿಯನ್ನು ತಾನೇ ಕೊಯ್ದ. ಸಂಘದ ಹೆಂಗಸರು ಅಂಗಳದ ತುಂಬ ಇದ್ದರು. ಮುನ್ನೀ ಕಂಬಿ ಎಣಿಸಿ ಗೋಡೆಗೆ ಒರಗಿಸಿ, “ಇವ್ರ ಕಂಬಿ ಇವ್ರಿಗೆ ವಾಪಸ್ ಕೊಡ್ಬೇಕು ಕಣ್ರೇ, ನಾವು ಕಳ್ರಲ್ಲ” ಎಂದಳು.

ಬಾಗಿಲು ಭಾರ. ಹೊರಗಡೆ ಮಜೀದಾ, ಮುನ್ನೀ ಹಿಡಿದರು. ಒಳಗಡೆಯಿಂದ ಯಾರಾದರೂ ಭುಜ ಕೊಟ್ಟು ಎತ್ತಿಹಿಡಿಯಬೇಕಿತ್ತು, ನಾನು ಕೊಟ್ಟೆ. ಎರಡನೇ ತಿರುಗಣಿ ಒಸಿ ತಕರಾರು ಮಾಡಿತು. ಭುಜ ಇನ್ನೂ ನೋಯುತ್ತಿದೆ, ಎಣ್ಣೆ ಹಚ್ಚಬೇಕು.

ಬೋರಲಿಂಗಯ್ಯ ಫೋನ್ ಮಾಡಿ ವಕೀಲರನ್ನು ಕರೆಸಿದ. ವಕೀಲರು ಕೆಂಪಾಗಿದ್ದರು.

“ಇದು ಅತಿಕ್ರಮ ಪ್ರವೇಶ ಶಿವಲಿಂಗಮ್ಮ. ಸಾರ್ವಜನಿಕ ಆಸ್ತಿ ನಾಶ. ಸಮಿತಿಯವರು ಪೊಲೀಸ್ ಕಂಪ್ಲೇಂಟ್ ಕೊಡು ಅಂತ ಕೂತಿದ್ದಾರೆ.”

“ಕೊಡಿ ಸಾರ್. ಈ ಸಲ ಸರಿಯಾಗಿ ಕೇಸ್ ಹಾಕ್ಸಿ. ಈ ಕೋಣೇಲಿ ನಾವಿದ್ವಿ ಅಂತ ಒಂದ್ ಕಾಗ್ದನಾದ್ರೂ ಹುಟ್ಲಿ.”

ಹೆಂಗಸರು ನಕ್ಕರು. ವಕೀಲರು ನಗಲಿಲ್ಲ. ಬಾಗಿಲ ಹತ್ತಿರ ಬಂದರು, ಚಿಲಕ ಮುಟ್ಟಿ ನೋಡಿದರು, ಒಳಗೆ ಕಾಲಿಟ್ಟು ಬಾಗಿಲಿನ ಹಿಂಭಾಗ ನೋಡಿದರು. ಹಿಡಿ ಇರಬೇಕಾದ ಎತ್ತರದಲ್ಲಿ ಅವರ ಕೈ ಹುಡುಕಿತು. ಸಿಗಲಿಲ್ಲ.

“ಒಂದು ಸಲ ಮುಚ್ಚಿ ನೋಡಲಾ?” ಎಂದರು, ಮೆಲ್ಲಗೆ.

“ಬ್ಯಾಡ ಸಾರ್” ಎಂದಳು ಮಜೀದಾ. “ಒಳ್ಗಡೆ ಒಬ್ರನ್ನ ಇಟ್ಕೊಂಡು ಈ ಬಾಗ್ಲ ಇನ್ ಯಾವತ್ತೂ ಮುಚ್ಚಕ್ಕಿಲ್ಲ. ನೋಡ್ಬೇಕು ಅನ್ನೋರು ತೆಗ್ದಿದ್ದಾಗ್ಲೇ ನೋಡ್ಲಿ.”

ನಿಯಾಜ್ ಬಾಗಿಲನ್ನು ಪೂರ್ತಿ ತೆರೆದು, ಗೋಡೆಗೆ ಒಂದು ಕಬ್ಬಿಣದ ಪಟ್ಟಿ ಹಾಕಿ ಬಿಗಿದುಬಿಟ್ಟ. ವಕೀಲರು ಹೊರಟರು. ಕಾರು ಹತ್ತುವ ಮೊದಲು ಒಂದು ಸಲ ತಿರುಗಿ ನೋಡಿದರು.

20 ಜೂನ್, ಸೋಮವಾರ

ಸಮಿತಿಯವರು ತಮ್ಮ ಸಮಾರಂಭವನ್ನು ಬೆಂಗಳೂರಿನ ಒಂದು ಸಭಾಂಗಣಕ್ಕೆ ಸಾಗಿಸಿಕೊಂಡಿದ್ದಾರೆ. ಮಂತ್ರಿಗಳು ಅಲ್ಲಿಗೇ ಬರುತ್ತಾರಂತೆ. ಇಲ್ಲಿಗೆ ಕಲ್ಲು ಬರುವುದಿಲ್ಲ, ಹಣ ಬರುವುದಿಲ್ಲ. ಕಂಪ್ಲೇಂಟ್ ಕೂಡ ಬಂದಿಲ್ಲ. ವಕೀಲರು ಅದಕ್ಕೆ ಸಹಿ ಹಾಕಲಿಲ್ಲ ಎಂದು ಬೋರಲಿಂಗಯ್ಯನೇ ಹೇಳಿದ. ರಾಜೀನಾಮೆ ಕೊಟ್ಟರು ಅಂತಲೂ ಅಂದ. ಇರಬಹುದು. ನಮ್ಮ ಸಭೆಗೆ ಬಂದರೆ ಕುರ್ಚಿ ಕೊಡೋಣ, ವಿಶೇಷ ಆಹ್ವಾನಿತರು ಅನ್ನುವುದು ಬೇಡ.

ಕಲ್ಲಿಲ್ಲದಿದ್ದರೆ ಗೋಡೆ ಇದೆ. ಮಧ್ಯಾಹ್ನದಿಂದ ಪೇಂಟರ್ ಒಳಗೋಡೆಯ ಮೇಲೆ ಬರೆಯುತ್ತಿದ್ದಾನೆ. ಅವನ ಕಾಗುಣಿತ ಕಾಯುವುದಕ್ಕೆ ಎದುರಿನ ಗೋಡೆಗೆ ಒರಗಿ ಕೂತು ಇದನ್ನು ಬರೆಯುತ್ತಿದ್ದೇನೆ. ಹೊರಗೆ ಬಿಸಿಲು ಉರಿಯುತ್ತಿದೆ, ಇಲ್ಲಿ ತಂಪಾಗಿದೆ. ಒಕ್ಕಣೆ ನಾನು, ಮಜೀದಾ ಜಗಳವಾಡಿ ಮಾಡಿದ್ದು:

‘ಮುಷ್ಕರದಲ್ಲಿದ್ದೆವು. ಗೂಡು ಹಾಳಾಗಬಾರದೆಂದು ನಾವೇ ಮಂಕರಿ ಹೊತ್ತು ಒಳಗೆ ಬಂದೆವು. ಹೊರಗಿನಿಂದ ಚಿಲಕ ಹಾಕಿದರು. ಕೆಳಗಿನ ಒಲೆಗೆ ಬೆಂಕಿ ಇಟ್ಟರು. ನಾವು ಮುಚ್ಚಳಿಕೆ ಬರೆದುಕೊಡಲಿಲ್ಲ. ಚೆಲುವಯ್ಯ ಈ ಬಾಗಿಲ ಬುಡದಲ್ಲಿ ಸತ್ತ.’

ಪೇಂಟರ್ ‘ಸ್ವರ್ಗಸ್ಥರಾದರು’ ಎಂದು ಬರೆಯಲೇ ಎಂದು ಕೇಳಿದ. ಸತ್ತ ಎಂದೇ ಬರಿ ಎಂದೆ.

ಅದೇ ದಿನ ಇಲ್ಲೇ ನಮ್ಮ ಸಭೆ; ಬೆಳಿಗ್ಗೆ ಹತ್ತಕ್ಕೆ ಇಡೋಣ ಎಂದರೆ ಮಜೀದಾ ಗದರಿದಳು. “ಹತ್ ಗಂಟೇಲಿ ಬೇಸಿನ್ ಬುಟ್ಟು ಯಾರೇ ಬತ್ತಾರೆ? ಗೂಡು ಬೇಯ್ತಾ ಇರ್ತವೆ.” ಒಪ್ಪಿದೆ. ಗೂಡು ಬೆಂದು, ನೂಲು ಇಳಿದು, ಕೈ ತೊಳೆದುಕೊಂಡ ಮೇಲೆ ಎಲ್ಲರೂ ಬರಲಿ. ಕೇಳುವವರು ಕೇಳಲಿ, ಮುಷ್ಕರ ಮುರಿದವರು ಅನ್ನುವವರು ಎದುರಿಗೆ ನಿಂತು ಅನ್ನಲಿ. ಮೊದಲು ಮಾತಾಡುವವಳು ಮಜೀದಾ, ಆಮೇಲೆ ನಾನು.

ಬಿಸಿಕೋಣೆಯ ಒಳಗೆ. ಜೂನ್ ಇಪ್ಪತ್ತೈದು, ಶನಿವಾರ, ಸಂಜೆ ಐದೂವರೆ.